ತೆರೆಯದ ಕರಡಿಗೆ

ವಿಜಯನಗರದ ಬೀದಿಗಳನ್ನೆಲ್ಲ ಆ ವರ್ಷ ಅಗೆದು ಹಾಕಿದ್ದರು. ಒಳಚರಂಡಿಯ ಕೊಳವೆ ಇಳಿಸುವುದಕ್ಕೆಂದು ಮನೆಗಳ ಮುಂದೆ ಆಳುದ್ದ ಗುಂಡಿ ತೋಡಿ, ಕೆಮ್ಮಣ್ಣನ್ನು ಎರಡೂ ಬದಿಗೆ ಗುಡ್ಡೆ ಹಾಕಿ, ದಾಟಿ ಹೋಗಲು ಅಲ್ಲಲ್ಲಿ ಒಂದು ಚಪ್ಪಡಿಯನ್ನೋ ಹಲಗೆಯನ್ನೋ ಇಟ್ಟಿದ್ದರು. ಮಕ್ಕಳಿಗೆ ಅದು ಆಟಕ್ಕಾಯಿತು, ಹೆಂಗಸರಿಗೆ ಬೈಯುವುದಕ್ಕಾಯಿತು. ಚನ್ನವೀರನಿಗೆ ಮಾತ್ರ ಬೆಳಗಾದರೆ ಆ ಹಲಗೆ ದಾಟುವುದೆಂದರೆ ಯಮನ ಮನೆಯ ಹೊಸ್ತಿಲು ದಾಟಿದ ಹಾಗೆ. ಎದೆಯ ಮೇಲಿನ ಲಿಂಗದ ಕರಡಿಗೆಯನ್ನು ಅಂಗಿಯ ಮೇಲಿಂದಲೇ ಒತ್ತಿ ಹಿಡಿದು, ಕಣ್ಣನ್ನು ಎದುರು ಮನೆಯ ಗೇಟಿಗೆ ನೆಟ್ಟು, ಉಸಿರು ಬಿಗಿಹಿಡಿದು ಓಡಿಬಿಡುತ್ತಿದ್ದ. ಕೆಳಗೆ ನೋಡುತ್ತಿರಲಿಲ್ಲ. ನೋಡಿದರೆ ಅಲ್ಲಿ ಯಾರೋ ಪದ್ಮಾಸನ ಹಾಕಿ ಕೂತಿರುತ್ತಾರೆ ಅನ್ನಿಸುತ್ತಿತ್ತು. ಆ ಯಾರೋ ತಾನೇ ಇರಬಹುದು ಅನ್ನುವುದು ಅವನ ಭಯ.

ಹರಿಹರದ ಕಡೆಯ ಹುಡುಗ. ಇಪ್ಪತ್ತು ತುಂಬಿತ್ತು. ಚಿಕ್ಕಪ್ಪ ಸೋಮಲಿಂಗಪ್ಪನ ಮನೆಯಲ್ಲಿದ್ದುಕೊಂಡು ಕಾಲೇಜಿನಲ್ಲಿ ಸಂಖ್ಯಾಶಾಸ್ತ್ರ ಓದುತ್ತಿದ್ದ. ಯಾವುದು ಆಗಬಹುದು, ಯಾವುದು ಆಗಲಿಕ್ಕಿಲ್ಲ ಅನ್ನುವ ಲೆಕ್ಕ ಅವನಿಗೆ ಕರುವಿಗೆ ಕೆಚ್ಚಲು ಸಿಕ್ಕಿದ ಹಾಗೆ, ಯಾರೂ ತೋರಿಸದೆ ಸಿಕ್ಕಿತ್ತು. ಪ್ರೊಫೆಸರ್ ಸೇತುರಾಮ ಅವರು ಒಂದು ಬೇಸಿಗೆಯೆಲ್ಲ ಒದ್ದಾಡಿದ ಸಮಸ್ಯೆಯನ್ನು ಅವನು ಬಿಟಿಎಸ್ ಬಸ್‌ಸ್ಟಾಪಿನಲ್ಲಿ ನಿಂತು, ಬಸ್ಸು ಬರುವುದರೊಳಗೆ ಬಿಡಿಸಿ ಹೇಳಿದ್ದ. ಬಸ್ಸು ತಡವಾಗಿ ಬಂತು ಅನ್ನುವುದು ಬೇರೆ ಮಾತು. ಕಲ್ಕತ್ತೆಯ ಸಂಸ್ಥೆಯೊಂದು ಆ ಹುಡುಗನನ್ನು ನಮಗೆ ಕಳಿಸಿಕೊಡಿ ಎಂದು ಕೇಳಿತ್ತು.

ಆದರೆ ಆ ವರದೊಳಗೇ ಮುಳ್ಳಿತ್ತು. ಬೇರೆಯವರಿಗೆ ಬರೀ ಬೀದಿ ಕಂಡರೆ ಅವನಿಗೆ ಆ ಬೀದಿಯಲ್ಲಿ ಆಗಬಹುದಾದದ್ದೆಲ್ಲ ಕಾಣುತ್ತಿತ್ತು. ಲಾರಿಯ ಬ್ರೇಕು ಹಿಡಿಯದೆ ಹೋಗಬಹುದು, ಮಹಡಿಯ ಮೇಲಿನ ಹೂಕುಂಡ ಗಾಳಿಗೆ ಜಾರಬಹುದು, ಗುಂಡಿಯ ಪಕ್ಕದ ಮಣ್ಣು ಕುಸಿಯಬಹುದು. ಚಿಕ್ಕಂದಿನಲ್ಲಿ ಇದನ್ನು ಅಪ್ಪನಿಗೆ ಹೇಳಿ ನಗಿಸುತ್ತಿದ್ದ. "ಆಗಬೋದು ಅನ್ನೋದೆಲ್ಲ ಆಗಂಗಿದ್ರ ಶಿವನಿಗೆ ಪುರುಸೊತ್ತೆಲ್ಲೈತೋ ಮಗನ" ಎಂದು ಅಪ್ಪ ಗುರುಬಸಪ್ಪ ಮೇಷ್ಟ್ರು ಅವನ ತಲೆ ತಡವುತ್ತಿದ್ದರು. ಆ ಮಾತು ಕೇಳಿದರೆ ಸಾಕು, ಲೆಕ್ಕ ತಾನಾಗಿ ನಿಲ್ಲುತ್ತಿತ್ತು.

ಶ್ರಾವಣದಲ್ಲಿ ಮೇಷ್ಟ್ರು ಲಿಂಗೈಕ್ಯರಾದರು. ಎದೆ ಹಿಡಿದುಕೊಂಡು ಜಗಲಿಯ ಮೇಲೆ ಕೂತವರು ಏಳಲಿಲ್ಲ. ಹುಡುಗ ರಜೆಗೆಂದು ಊರಲ್ಲೇ ಇದ್ದ.

ಅವತ್ತು ನಡೆದದ್ದು ಇಷ್ಟು. ಅಪ್ಪನ ಮೈ ತೊಳೆಯುವಾಗ ಕೊರಳಿನ ಕರಡಿಗೆಯನ್ನು ತೆಗೆದು ಪೂಜೆಯ ಮನೆಯ ಗೂಡಿನಲ್ಲಿಟ್ಟರು. ತಾನೂ ತಲೆಗೆ ನೀರು ಹಾಕಿಕೊಳ್ಳುವಾಗ ಚನ್ನವೀರ ತನ್ನ ಕರಡಿಗೆಯನ್ನು ತೆಗೆದು ಅದರ ಪಕ್ಕದಲ್ಲಿಟ್ಟ. ಮೈಯಿಂದ ಲಿಂಗವನ್ನು ಬಿಡಿಸಿಡುವ ರೂಢಿ ಆ ಮನೆಯಲ್ಲಿ ಇರಲಿಲ್ಲ. ಅವತ್ತು ಮೈಮೇಲೆ ಎಚ್ಚರವಿರಲಿಲ್ಲ, ಇಟ್ಟುಬಿಟ್ಟ. ಎರಡೂ ಒಬ್ಬನೇ ಅಕ್ಕಸಾಲಿ ಅಜ್ಜಿಯ ಡಾಬು ಕರಗಿಸಿ ಮಾಡಿದ ಬೆಳ್ಳಿ ಕರಡಿಗೆಗಳು. ಎರಡಕ್ಕೂ ಅವ್ವ ನೀಲಮ್ಮ ನಾಗರಪಂಚಮಿಗೆ ಹೊಸ ಶಿವದಾರ ಪೋಣಿಸಿದ್ದಳು. ಹೊಲದಲ್ಲಿ ಸಮಾಧಿಯ ಕುಣಿ ಸಿದ್ಧವಾಯಿತು. ಅಪ್ಪನನ್ನು ಅದರೊಳಗಿನ ಗೂಡಿನಲ್ಲಿ ಕೂರಿಸಿದರು. ಕುಣಿಯೊಳಗಿದ್ದ ಮಠದ ಅಯ್ಯನವರು "ಲಿಂಗ ತಾರಪ್ಪ" ಎಂದು ಕೂಗಿದರು. ಚನ್ನವೀರ ಮನೆಗೆ ಓಡಿ, ಪೂಜೆಯ ಮನೆಯ ಗೂಡಿನೊಳಗೆ ಕೈ ಹಾಕಿ, ಸಿಕ್ಕಿದ್ದನ್ನು ತಂದು ಕೊಟ್ಟ. ಅಯ್ಯನವರು ಲಿಂಗವನ್ನು ಅಪ್ಪನ ಎಡಗೈಯ ಅಂಗೈಮೇಲಿಟ್ಟು ಬಟ್ಟೆ ಸುತ್ತಿದರು. ಅಪ್ಪನ ತಲೆ ಒಂದು ಕಡೆ ವಾಲಿತ್ತು. ಅದನ್ನು ನೋಡಲಾಗದೆ ಹುಡುಗ ಮುಖ ತಿರುಗಿಸಿದ. ವಿಭೂತಿ ಬಿತ್ತು, ಪತ್ರೆ ಬಿತ್ತು, ಆಮೇಲೆ ಮಣ್ಣು ಬಿತ್ತು.

ಮನೆಗೆ ಬಂದು ಗೂಡಿನಲ್ಲಿ ಉಳಿದಿದ್ದ ಕರಡಿಗೆಯನ್ನು ಕೊರಳಿಗೆ ಹಾಕಿಕೊಂಡಾಗ ಸಂಶಯ ಹುಟ್ಟಿತು. ತಾನು ತೆಗೆದುಕೊಂಡು ಹೋದದ್ದು ಎಡಗಡೆಯದೋ ಬಲಗಡೆಯದೋ? ಹುಟ್ಟಿದಾಗಿನಿಂದ ಕಂಡದ್ದು ಕೇಳಿದ್ದು ಎಲ್ಲ ನೆನಪಿರುವ ಹುಡುಗನಿಗೆ ಅದೊಂದು ಗಳಿಗೆ ಮಾತ್ರ ನೆನಪಿರಲಿಲ್ಲ. ತೆಗೆದು ನೋಡಿದರೆ ಮುಗಿಯಿತು, ಅವನ ಲಿಂಗದ ನೆತ್ತಿಯ ಮೇಲೆ ಸಾಸಿವೆಯಷ್ಟು ಒಂದು ಕುಳಿ ಇತ್ತು. ಆದರೆ ಕರಡಿಗೆಯ ಮುಚ್ಚಳದ ಮೇಲೆ ಬೆರಳಿಟ್ಟಾಗ ಅಜ್ಜಿ ಅಕ್ಕಯ್ಯಮ್ಮ ಹೇಳುತ್ತಿದ್ದ ಕತೆ ನೆನಪಾಯಿತು. ಹೊಳೆಯಲ್ಲಿ ಮೀಯುವಾಗ ಲಿಂಗ ಕಳಕೊಂಡ ಒಬ್ಬ ಶರಣನ ಕತೆ. ಅವನು ದಂಡೆಯ ಮೇಲೆ ಕೂತ, ಅನ್ನ ಬಿಟ್ಟ, ನೀರು ಬಿಟ್ಟ, ಕೂತಲ್ಲೇ ಹೋದ. "ಪ್ರಾಣಲಿಂಗ ಹೋದ ಮ್ಯಾಲೆ ಪ್ರಾಣ ಇಟ್ಕಂಡು ಏನು ಮಾಡ್ತಾನೋ ತಮ್ಮಾ" ಎಂದು ಅಜ್ಜಿ ಕತೆ ಮುಗಿಸುತ್ತಿದ್ದಳು.

ಬೆರಳು ಹಿಂದಕ್ಕೆ ಬಂತು. ಅವತ್ತಿನಿಂದ ಅವನು ಕರಡಿಗೆಯನ್ನು ತೆರೆದಿರಲಿಲ್ಲ.

ವಿಜಯನಗರದ ಮನೆಯಲ್ಲಿ ಲಿಂಗಪೂಜೆಯಾಗದೆ ಯಾರೂ ಬಾಯಿಗೆ ನೀರು ಹಾಕುತ್ತಿರಲಿಲ್ಲ. ಚನ್ನವೀರ ಪೂಜೆಯ ಕೋಣೆಯ ಬಾಗಿಲು ಹಾಕಿಕೊಂಡು, ಮುಚ್ಚಿದ ಕರಡಿಗೆಯನ್ನೇ ಅಂಗೈಮೇಲಿಟ್ಟುಕೊಂಡು ಕೂತು, ಹೊರಗೆ ಬಂದು ಚಿಕ್ಕಮ್ಮ ಜಯದೇವಿ ಬಡಿಸಿದ ರೊಟ್ಟಿಯನ್ನು ಮುರಿದು ಮುರಿದು ತಟ್ಟೆಯಲ್ಲೇ ಬಿಟ್ಟು ಏಳುತ್ತಿದ್ದ. ಹಸಿವು ತಡೆಯದಾದಾಗ ಕಾಮಾಕ್ಷಿಪಾಳ್ಯದ ಯಾವುದೋ ಹೋಟೆಲಿನ ಮೂಲೆಯಲ್ಲಿ ಕಳ್ಳನ ಹಾಗೆ ಎರಡು ಇಡ್ಲಿ ತಿನ್ನುತ್ತಿದ್ದ. ಮಲಗಿದರೆ ಉಸಿರು ಕಟ್ಟುತ್ತಿತ್ತು, ಅದಕ್ಕೇ ಗೋಡೆಗೊರಗಿ ಕೂತೇ ನಿದ್ದೆ. ಕಾರ್ತಿಕದ ಪರೀಕ್ಷೆಯಲ್ಲಿ ಕೋಣೆಯ ಬಾಗಿಲು ಹಾಕಿದರು. ಸೂರಿನಿಂದ ಒಂದಿಷ್ಟು ಸುಣ್ಣದ ಪುಡಿ ಅವನ ಹೆಗಲ ಮೇಲೆ ಉದುರಿತು. "ಮಣ್ಣು ಹಾಕಬ್ಯಾಡ್ರೀ, ನಾನಿನ್ನೂ ಅದೀನ್ರೀ!" ಎಂದು ಕಿರುಚಿ ಎದ್ದು ಓಡಿದ.

ಚಿಕ್ಕಪ್ಪ ಒಳ್ಳೆಯವನೇ. ಆದರೆ ಕಚೇರಿಯ ಮನುಷ್ಯ, ಯಾವುದನ್ನೂ ಬಾಕಿ ಇಟ್ಟುಕೊಳ್ಳುವವನಲ್ಲ. "ಅಮಾಸಿ ತನಕ ನೋಡ್ತೀನಿ. ಆಮ್ಯಾಲೆ ದೊಡ್ಡಾಸ್ಪತ್ರಿ. ಕರೆಂಟು ಕೊಟ್ರ ಎಂಥಾರೂ ಸರಿಹೋಗ್ತಾರಂತ" ಎಂದ. ಆ ಮಾತು ಕೇಳಿ ಪ್ರೊಫೆಸರ್ ಸೇತುರಾಮ ಹುಡುಗನ ಕೈ ಹಿಡಿದುಕೊಂಡು ರಾಜಾಜಿನಗರಕ್ಕೆ ಕರೆದುಕೊಂಡು ಹೋದರು. ನವರಂಗ್ ಟಾಕೀಸಿನ ಹಿಂದಿನ ಒಂದು ಅಡ್ಡರಸ್ತೆಯಲ್ಲಿ ಮನಸ್ಸಿನ ಡಾಕ್ಟರು ಅನಂತಲಕ್ಷ್ಮಿಯವರ ಮನೆ.

ಡಾಕ್ಟರೆಂದರೆ ಬಿಳಿ ಕೋಟು, ಮೇಜು, ಕರೆಂಟಿನ ಪೆಟ್ಟಿಗೆ ಎಂದುಕೊಂಡು ಚನ್ನವೀರ ಗೇಟಿನಲ್ಲೇ ನಿಂತ. ವರಾಂಡದಲ್ಲಿ ಐವತ್ತೈದು ಅರವತ್ತರ ಹೆಂಗಸೊಬ್ಬರು ಚಾಪೆಯ ಮೇಲೆ ಕೂತಿದ್ದರು. ಮುಂದೆ ನೀರಲ್ಲಿ ನೆನೆದ ಅವರೆಕಾಳಿನ ದೊಡ್ಡ ಬೇಸಿನ್ನು. ರೋಗಿಗಳನ್ನೆಲ್ಲ ಅವರು ಹೀಗೇ ಕೆಲಸಕ್ಕೆ ಹಚ್ಚುತ್ತಿದ್ದರು. ಬೇಸಿಗೆಯಲ್ಲಿ ಹುಣಸೆಹಣ್ಣು ಬಿಡಿಸುವುದು, ಅವರೆಯ ಕಾಲದಲ್ಲಿ ಅವರೆ ಹಿಸುಕುವುದು. ಕೈಗೆ ಕೆಲಸ ಕೊಟ್ಟರೆ ಬಾಯಿಯ ಕಾವಲು ತಪ್ಪುತ್ತದೆ ಅನ್ನುವುದು ಅವರು ಕಂಡುಕೊಂಡ ವೈದ್ಯ. ಇವರೇನು ಡಾಕ್ಟರೋ ಮದುವೆ ಮನೆಯ ಅಡಿಗೆಯವರೋ ಎಂದು ಬೀದಿಯವರು ಆಡಿಕೊಳ್ಳುತ್ತಿದ್ದರು.

"ಹೆಸರೇನಪ್ಪಾ?"

"ಚನ್ನವೀರ ರೀ."

"ಹಿಸುಕಕ್ಕೆ ಬರತ್ತಾ?"

"ನಮ್ಮ ಕಡಿ ಸಿಪ್ಪಿ ತಗಿಯಲ್ರೀ. ಹಂಗೇ ತಿಂತೀವಿ."

"ಅದಕ್ಕೇ ನಿಮ್ಮ ಕಡೆಯವರು ಗಟ್ಟಿ. ನಮ್ಮದು ಸುಕುಮಾರ ಹೊಟ್ಟೆ. ಕೂತ್ಕೊಳಿ. ಎರಡು ಬೆರಳು ಸಾಕು. ಮೆತ್ತಗೆ ಒತ್ತಿದ್ರೆ ತಾನೇ ಹಾರಿ ಬರತ್ತೆ. ಅಯ್ಯೋ, ನನ್ನ ಕನ್ನಡಕಕ್ಕಲ್ಲಪ್ಪ, ಪಾತ್ರೆಗೆ!"

ಚನ್ನವೀರನಿಗೆ ನಗು ಬಂತು. ಬಂದದ್ದೇ ತಡ ಹೆದರಿಕೆಯೂ ಆಯಿತು. ಲಿಂಗ ಮಣ್ಣಿನಡಿ ಇರುವವನು ನಗುವುದುಂಟೇ ಎಂದು ಬಾಯಿ ಮುಚ್ಚಿಕೊಂಡ.

ಡಾಕ್ಟರು ಅವತ್ತು ಮತ್ತೇನೂ ಕೇಳಲಿಲ್ಲ. ಎರಡನೆಯ ಸಲ ಹೋದಾಗಲೂ ಕೇಳಲಿಲ್ಲ. ಮೂರನೆಯ ಸಲ ಅವನೇ ಬಾಯಿಬಿಟ್ಟ. ಒಂದು ಹಿಡಿ ಕಾಳಿನಲ್ಲಿ ಹುಳುಕು ಎಷ್ಟು ಸಿಗಬಹುದು ಅನ್ನುವುದನ್ನು ನೋಡದೆಯೇ ಹೇಳಿದ. ಡಾಕ್ಟರು ಆರಿಸಿ ನೋಡಿದರೆ ಹೆಚ್ಚುಕಡಿಮೆ ಹಾಗೇ ಇತ್ತು.

"ಇದೆಲ್ಲ ಹೇಗೆ ಗೊತ್ತಾಗತ್ತೆ ನಿಮಗೆ?"

"ಕಾಣ್ತೈತ್ರಿ. ಕಾಣಬ್ಯಾಡ ಅಂದ್ರೂ ಕಾಣ್ತೈತಿ."

"ಏನೇನು ಕಾಣತ್ತೆ?"

ಅವನು ಹಿಸುಕುತ್ತಲೇ ಹೇಳಿದ. ಲಾರಿ, ಹೂಕುಂಡ, ಗುಂಡಿ. ಆ ವರಾಂಡದ ಮಂಗಳೂರು ಹೆಂಚಿನಲ್ಲಿ ಬಿರುಕು ಬಿಟ್ಟ ಹೆಂಚು ಯಾವುದು, ಅದು ಯಾರ ತಲೆಯ ಮೇಲೆ ಬೀಳಬಹುದು ಎನ್ನುವುದನ್ನೂ ಹೇಳಿದ. ಡಾಕ್ಟರು ಮೇಲೆ ನೋಡಿ ಸದ್ದಿಲ್ಲದೆ ಚಾಪೆಯನ್ನು ಆಚೆಗೆ ಎಳೆದುಕೊಂಡರು. ಅವರು ಹಾಗೆ ಎಳೆದುಕೊಂಡದ್ದು ಚನ್ನವೀರನಿಗೆ ಹಿಡಿಸಿತು. ಎಲ್ಲರೂ ನಕ್ಕುಬಿಡುತ್ತಿದ್ದರು, ಇವರು ನಂಬಿದರು.

ಅಮಾವಾಸ್ಯೆಯ ದಿನ ಮಧ್ಯಾಹ್ನ ಅವನು ಕರಡಿಗೆಯ ಮಾತನ್ನು ಹೇಳಿದ. ಬೇಸಿನ್ನಿನ ನೀರನ್ನೇ ನೋಡುತ್ತ, ಗೂಡು, ಕುಣಿ, ಅಯ್ಯನವರ ಕೂಗು, ಅಜ್ಜಿಯ ಕತೆ, ಎಲ್ಲವನ್ನೂ ಹೇಳಿದ. ಹೇಳುತ್ತ ಹೇಳುತ್ತ ಕೈ ನಿಂತುಹೋಯಿತು.

"ಎರಡರಾಗ ಒಂದು ರೀ. ಅರ್ಧಕ್ಕರ್ಧ. ಇದರಾಗ ನಂದೇ ಇದ್ರ ನಾನು ಬದುಕೀನಿ. ಅಪ್ಪಂದು ಇದ್ರ..."

"ಇದ್ರೆ?"

"ನಂದು ಕುಣಿಯಾಗೈತಿ. ನಾನೂ ಕುಣಿಯಾಗದೀನಿ."

"ತೆಗೆದು ನೋಡಬಹುದಲ್ಲಪ್ಪ?"

"ಮುಚ್ಚಿದ್ರ ಅರ್ಧ ಐತ್ರಿ. ಅರ್ಧದಾಗ ಹೆಂಗೋ ಉಸಿರಾಡ್ತೀನಿ. ತಗದ್ರ ಆ ಅರ್ಧನೂ ಹೋಗಬೋದು."

ಅನಂತಲಕ್ಷ್ಮಿಯವರ ಹಣೆಯ ಮೇಲೆ ಬೆವರು ಬಂದದ್ದನ್ನು ಚನ್ನವೀರ ನೋಡಿದ. ಮಾಗಿಯ ಚಳಿಯಲ್ಲಿ ಬೆವರು. ಅವರಿಗೂ ಭಯವಾಗಿತ್ತು. ನಾಳೆ ಬೆಳಗಾದರೆ ಸೋಮಲಿಂಗಪ್ಪ ಹುಡುಗನನ್ನು ಆಸ್ಪತ್ರೆಗೆ ಕರೆದೊಯ್ಯುತ್ತಾನೆ. ಅಲ್ಲಿ ಮೊದಲು ಮಾಡುವ ಕೆಲಸವೇ ರೋಗಿಯ ಕೊರಳಿನ ದಾರ ಬಿಚ್ಚಿಡುವುದು. ಅದು ಅವರಿಗೆ ಚೆನ್ನಾಗಿ ಗೊತ್ತಿತ್ತು. ಬಿಚ್ಚಿದ ಮೇಲೆ ಇವನು ಉಳಿಯುವುದಿಲ್ಲ. ಆ ಭಯದಲ್ಲಿ, ಇಷ್ಟು ವರ್ಷದ ತಾಳ್ಮೆಯೆಲ್ಲ ಒಮ್ಮೆಗೇ ತಪ್ಪಿ, ಅವರು ಯಾರೂ ಮಾಡಬಾರದ ಒಂದು ಕೆಲಸ ಮಾಡಿದರು.

"ನಿಮಗೆ ಭಯ ಆದ್ರೆ ನಾನೇ ತೆಗೆದು ನೋಡ್ತೀನಿ. ಕೊಡಿ ಇಲ್ಲಿ" ಎಂದು ಅವರೆಯ ಲೋಳೆ ಹತ್ತಿದ ಕೈಯನ್ನೇ ಅವನ ಎದೆಯ ಕಡೆ ಚಾಚಿದರು. ಬೆರಳ ತುದಿ ಶಿವದಾರಕ್ಕೆ ತಗುಲಿತು.

ಅವರಿಗೆ ಅದೊಂದು ಡಬ್ಬಿ. ಚನ್ನವೀರನಿಗೆ ಯಾರೋ ಎದೆ ಬಗೆದು ಪ್ರಾಣಕ್ಕೆ ಕೈ ಹಾಕಿದ ಹಾಗಾಯಿತು. ಬೇಸಿನ್ನು ಮಗುಚಿತು. ಕಾಳು, ನೀರು, ಸಿಪ್ಪೆ ಎಲ್ಲ ವರಾಂಡದ ತುಂಬ ಹರಿಯಿತು. ಅವನು ಚಪ್ಪಲಿಯನ್ನೂ ಮೆಟ್ಟದೆ ಗೇಟು ಹಾರಿ ಓಡಿದ. "ಚನ್ನವೀರ! ನಿಲ್ಲಪ್ಪಾ! ಚನ್ನವೀರ!" ಎಂಬ ಕೂಗು ಹಿಂದೆ ಬಂತು. ಅದೂ ಅಯ್ಯನವರ ಕೂಗಿನ ಹಾಗೇ ಕೇಳಿಸಿತು.

ಕಾರ್ಖಾನೆಗಳ ಸಾಲನ್ನು ದಾಟಿದ. ಪಾಳಿ ಬಿಟ್ಟ ಸೈರನ್ ಕೂಗುತ್ತಿತ್ತು, ಸೈಕಲ್ಲುಗಳು ಎದುರು ಬರುತ್ತಿದ್ದವು. "ಏ ಗುರು, ಕಣ್ಣು ಕಾಣಲ್ವೇನೋ!" ಎಂದು ಯಾರೋ ಬೈದರು. ಮಾಗಡಿ ರಸ್ತೆಯಲ್ಲಿ ಬಸ್ಸೊಂದು ಕಿರ್ರೆಂದು ನಿಂತಿತು. ಅವನಿಗೆ ಲೆಕ್ಕಗಳೆಲ್ಲ ಒಂದರ ಮೇಲೊಂದು ಬಿದ್ದು ಕಲಸಿಹೋಗಿದ್ದವು. ಒಂದೇ ತಿಳಿದಿತ್ತು: ಕೈ ಎದೆಯ ಮೇಲಿನಿಂದ ತೆಗೆಯಬಾರದು. ಕರಡಿಗೆ ಇದೆ. ಮುಚ್ಚಿದೆ. ಅರ್ಧ ಇದೆ.

ವಿಜಯನಗರಕ್ಕೆ ಬರುವಾಗ ಹೊತ್ತು ಇಳಿದಿತ್ತು. ಕೊಳವೆ ಇಳಿಸುವವರು ಕೆಲಸ ಮುಗಿಸಿ ಹೋಗಿದ್ದರು. ಹೋಗುವಾಗ ಚಿಕ್ಕಪ್ಪನ ಮನೆಯ ಮುಂದಿನ ಹಲಗೆಯನ್ನು ಒಂದು ಪಕ್ಕಕ್ಕೆ ಸರಿಸಿ, ಅದರ ಒಂದು ತುದಿಯನ್ನು ಸಡಿಲ ಮಣ್ಣಿನ ಮೇಲೆ ಬಿಟ್ಟಿದ್ದರು. ಚನ್ನವೀರ ಎಂದಿನಂತೆ ಕೆಳಗೆ ನೋಡಲಿಲ್ಲ. ಓಡಿದ. ಹಲಗೆ ಹೊರಳಿತು.

ಬಿದ್ದದ್ದು ನೆಟ್ಟಗೆ. ಒಂದು ಕಾಲು ಮಡಿಸಿಕೊಂಡು ಕೂತುಬಿಟ್ಟ. ಹಿಂದೆಯೇ ಮಣ್ಣಿನ ಗುಡ್ಡೆ ಜಾರಿ ಬಂದು ಸೊಂಟದವರೆಗೆ ತುಂಬಿತು. ಬೆನ್ನಿಗೆ ಹಸಿ ಮಣ್ಣಿನ ಗೋಡೆ, ಮುಂದೆ ಹಸಿ ಮಣ್ಣಿನ ಗೋಡೆ. ಮೇಲೆ ಒಂದು ಪಟ್ಟಿ ಆಕಾಶ. ಇಷ್ಟು ದಿನ ಯಾರು ಇಲ್ಲಿ ಕೂತಿರಬಹುದೆಂದು ಹೆದರಿ ಕೆಳಗೆ ನೋಡದೆ ದಾಟುತ್ತಿದ್ದನೋ, ಅವನು ಈಗ ನಿಜವಾಗಿಯೂ ಕೂತಿದ್ದ.

ಕೂಗಬೇಕೆಂದರೆ ಗಂಟಲು ಬರಲಿಲ್ಲ. ಬಾಯಿ ತೆರೆದರೆ ಮಣ್ಣಿನ ವಾಸನೆ. ಶ್ರಾವಣದ ಹೊಲದ ವಾಸನೆ. ಮೇಲಿನಿಂದ ಒಂದೊಂದೇ ಹೆಂಟೆ ಹೆಗಲಿಗೆ ಬೀಳುತ್ತಿತ್ತು. ಅಲುಗಿದರೆ ಇನ್ನೂ ಬೀಳುತ್ತದೆ ಅನ್ನುವುದು ಅವನಿಗೆ ಕಾಣಿಸಿತು, ಎಷ್ಟು ಬೀಳುತ್ತದೆ ಅನ್ನುವುದೂ ಕಾಣಿಸಿತು. ಪಕ್ಕದ ಮನೆಯ ರೇಡಿಯೋದಲ್ಲಿ ಯಾರೋ ಹಾಡುತ್ತಿದ್ದರು. ಒಳಗೆ ಚಿಕ್ಕಮ್ಮ ರೊಟ್ಟಿ ಬಡಿಯುವ ಸದ್ದು ಪಟಪಟ ಕೇಳುತ್ತಿತ್ತು. ಸತ್ತವರಿಗೂ ಹೀಗೇ ಎಲ್ಲ ಕೇಳಿಸುತ್ತಿರಬಹುದು, ಅವರ ಸದ್ದು ಮಾತ್ರ ಮೇಲೆ ಮುಟ್ಟುವುದಿಲ್ಲ. ಅಪ್ಪನಿಗೂ ಅವತ್ತು ಕೇಳಿಸಿರಬಹುದು. ಹಾಗೆ ಅನ್ನಿಸಿದ್ದೇ ಅವನ ಮೈಯೆಲ್ಲ ತಣ್ಣಗಾಗಿ, ಹಲ್ಲು ಕಟಕಟ ಹೊಡೆದುಕೊಳ್ಳತೊಡಗಿತು.

ಆಟೋರಿಕ್ಷಾದ ಸದ್ದು ಬಂತು, ನಿಂತಿತು. "ಇದೇ ಮನೆ ಇರಬೇಕು... ಅಯ್ಯೋ ದೇವರೇ. ಹಗ್ಗ ತಾರಪ್ಪಾ, ಎಲ್ಲಿಂದಾದ್ರೂ ಹಗ್ಗ ತಾ, ಓಡು!" ಆಮೇಲೆ ಆಕಾಶದ ಪಟ್ಟಿಯಲ್ಲಿ ಕನ್ನಡಕದ ಮುಖವೊಂದು ಕಾಣಿಸಿತು. ಒಂದು ಹಿಡಿ ಮಣ್ಣು ಜಾರಿತು.

"ಮಣ್ಣು! ಮಣ್ಣು ಬೀಳ್ತೈತ್ರೀ!" ಗಂಟಲು ಬಂದಿತ್ತು.

ಮುಖ ಮಾಯವಾಯಿತು. ಒಂದು ಗಳಿಗೆ ಬಿಟ್ಟು ಪಕ್ಕದ ಮನೆಯ ಚಪ್ಪಡಿಯ ಮೇಲೆ ಏನೋ ತೆವಳುವ ಸದ್ದಾಯಿತು. ಅನಂತಲಕ್ಷ್ಮಿಯವರು ಮಣ್ಣು ಅಲುಗದ ಹಾಗೆ ಕಲ್ಲಿನ ಮೇಲೆ ಬೋರಲಾಗಿ ಮಲಗಿ ತಲೆಯನ್ನು ಮಾತ್ರ ಕೆಳಗೆ ಬಗ್ಗಿಸಿದ್ದರು. ಅವರ ಸೀರೆ ಅವರೆಯ ನೀರಿನಿಂದ ಇನ್ನೂ ಒದ್ದೆಯಾಗಿತ್ತು.

"ಈ ವಯಸ್ಸಲ್ಲಿ ನಿನಗೆ ಅಡ್ಡಬಿದ್ದಿದೀನಿ ನೋಡಪ್ಪಾ" ಎಂದರು. ನಗಿಸಲು ಹೇಳಿದ ಮಾತು, ಆದರೆ ಅವರೇ ನಗಲಿಲ್ಲ. "ತಪ್ಪು ನಂದು. ಅದು ಇನ್ನೊಬ್ಬರು ಮುಟ್ಟೋದಲ್ಲ ಅಂತ ನನಗೆ ತಿಳೀಲಿಲ್ಲ. ಕೇಳಬೇಕಾಗಿತ್ತು, ಕೇಳಲಿಲ್ಲ."

ಚನ್ನವೀರ ಕರಡಿಗೆಯನ್ನು ಇನ್ನೂ ಬಿಗಿಯಾಗಿ ಒತ್ತಿಕೊಂಡ.

"ಈಗ ಕೇಳ್ತೀನಿ, ಹೇಳ್ತೀಯಾ? ಹಗ್ಗ ಬರೋವರೆಗೂ ಹೇಳು. ನನಗೂ ಭಯ ಆಗ್ತಾ ಇದೆ ಕಣೋ, ಮಾತಾಡ್ತಾ ಇರು. ನಿಮ್ಮಲ್ಲಿ ಅದನ್ನ ಹೇಗೆ ಹಿಡೀತಾರೆ?"

"...ಎಡಗೈಯಾಗ್ರಿ. ಅಂಗೈ ಮ್ಯಾಲೆ. ಎದಿ ಮಟ್ಟಕ್ಕ."

"ಹಿಡ್ಕೊಂಡು?"

"ನೋಡ್ತಾರ್ರಿ."

"ಬರೀ ನೋಡೋದಾ?"

"ಬರೇ ನೋಡೋದು. ಕಣ್ಣು ಪೂರ ಮುಚ್ಚಂಗಿಲ್ಲ, ಪೂರ ತಗಿಯಂಗಿಲ್ಲ. ಅರ್ಧ ತಗದು ನೋಡಬೇಕು. ಅಪ್ಪ ನೋಡಾಕ ಕೂತ್ರ ಯಾರು ಕರದ್ರೂ ಏಳ್ತಿರ್ಲಿಲ್ಲ. ಸಾಲಿ ಗಂಟಿ ಹೊಡದ್ರೂ ಏಳ್ತಿರ್ಲಿಲ್ಲ. ಅವ್ವ ಬೈತಿದ್ಲು."

"ಈಗ ನಿಮ್ಮಪ್ಪನ್ನ ಹೇಗೆ ಕೂರಿಸಿದಾರೆ ಅಂದೆ?"

"ಹಂಗೇ ರೀ. ಎಡಗೈ ಎದಿ ಮಟ್ಟಕ್ಕಿಟ್ಟು."

"ಕೈಲಿ ಲಿಂಗ ಇದೆ."

"ಹೂನ್ರಿ."

"ಯಾವುದೋ ಒಂದು. ನಿಂದೋ ಅವರದೋ ಗೊತ್ತಿಲ್ಲ. ಒಂದು ವೇಳೆ ನಿಂದೇ ಆದ್ರೆ, ಅವರು ಅದನ್ನ ಇಟ್ಕೊಂಡು ಅಲ್ಲಿ ಏನು ಮಾಡ್ತಾ ಇದಾರೆ, ಹೇಳು?"

ಉತ್ತರ ಸುಲಭದ್ದಾಗಿತ್ತು. ಈಗ ತಾನೇ ಹೇಳಿದ್ದ ಉತ್ತರ. ಆದರೂ ಚನ್ನವೀರ ಮಣ್ಣಿನ ಗೋಡೆಯನ್ನೇ ನೋಡುತ್ತ ಕೂತ. ಹಲ್ಲು ಹೊಡೆದುಕೊಳ್ಳುವುದು ಯಾವಾಗಲೋ ನಿಂತಿತ್ತು.

ಇಷ್ಟು ತಿಂಗಳು ಅವನು ಕುಣಿಯೊಳಗೆ ಒಂದು ಲಿಂಗವನ್ನು ಕಂಡಿದ್ದ, ಅದರ ಮೇಲೆ ಬಿದ್ದ ಮಣ್ಣನ್ನು ಕಂಡಿದ್ದ, ತನ್ನನ್ನು ಕಂಡಿದ್ದ. ಆ ಲಿಂಗದ ಕೆಳಗಿನ ಅಂಗೈಯನ್ನು ಅವನು ಒಂದು ಸಲವೂ ಕಂಡಿರಲಿಲ್ಲ. ಮುಖ ತಿರುಗಿಸಿದ್ದನಲ್ಲ. ಸೀಮೆಸುಣ್ಣದ ಪುಡಿ ಗೆರೆಗಳಲ್ಲೆಲ್ಲ ಸೇರಿಕೊಂಡಿದ್ದ ಅಂಗೈ ಅದು, ಇವನ ತಲೆ ತಡವಿದ ಅಂಗೈ.

ಅವನ ಕೈ ಅಂಗಿಯೊಳಗೆ ಹೋಯಿತು. ಕರಡಿಗೆಯನ್ನು ಹೊರಗೆ ತೆಗೆದ. ಮುಚ್ಚಳದ ಮೇಲೆ ಹೆಬ್ಬೆರಳಿಟ್ಟ. ಮೇಲೆ ಡಾಕ್ಟರ ಉಸಿರಿನ ಸದ್ದು ಗುಂಡಿಯೊಳಗೆಲ್ಲ ಕೇಳಿಸುತ್ತಿತ್ತು.

ಭಯ ಹೋಗಿರಲಿಲ್ಲ. ಹೆಬ್ಬೆರಳು ಅವರೆಯ ಸಿಪ್ಪೆಯ ಮೇಲೆ ಜಾರಿದ ಹಾಗೆ ಬೆಳ್ಳಿಯ ಮೇಲೆ ಎರಡು ಸಲ ಜಾರಿತು. ಮೂರನೆಯ ಸಲ ಮುಚ್ಚಳ ತೆರೆಯಿತು.

ಬೀದಿಯ ದೀಪ ಆಗ ತಾನೇ ಹತ್ತಿತ್ತು. ಅದರ ಬೆಳಕು ಗುಂಡಿಯ ತಳಕ್ಕೆ ಸರಿಯಾಗಿ ಇಳಿಯುತ್ತಿರಲಿಲ್ಲ. ಅವನು ಲಿಂಗವನ್ನು ಎಡಗೈಯ ಅಂಗೈಮೇಲೆ ಇಟ್ಟುಕೊಂಡು ಬಲಗೈಯ ಬೆರಳಿನಿಂದ ಅದರ ನೆತ್ತಿಯನ್ನು ಮುಟ್ಟಿದ. ಮತ್ತೆ ಮುಟ್ಟಿದ. ನುಣುಪಾಗಿತ್ತು. ಎಷ್ಟೋ ವರ್ಷದ ನೀರು, ವಿಭೂತಿ, ನೋಟ ಬಿದ್ದು ಬಿದ್ದು ಸವೆದ ನುಣುಪು. ಸಾಸಿವೆಯಷ್ಟು ಕುಳಿ ಎಲ್ಲೂ ಇರಲಿಲ್ಲ.

"ನಂದಲ್ರೀ."

ಮೇಲಿನ ಉಸಿರು ನಿಂತುಹೋಯಿತು. ಅನಂತಲಕ್ಷ್ಮಿಯವರು ಚಪ್ಪಡಿಯ ಅಂಚನ್ನು ಹಿಡಿದ ಬೆರಳುಗಳು ಬೆಳ್ಳಗಾದದ್ದು ಕಂಡಿತು. ಇನ್ನು ಇವನು ಏಳುವುದಿಲ್ಲ ಎಂದು ಅವರಿಗೆ ಅನ್ನಿಸಿರಬೇಕು. ಅವನಿಗೂ ಹಾಗೇ ಅನ್ನಿಸಿತ್ತು, ಇಷ್ಟು ದಿನ. ಇನ್ನೇನು ಉಸಿರು ನಿಲ್ಲುತ್ತದೆ ಎಂದು ಅವನು ಕಾದ. ಮಣ್ಣು ಕಿವಿಯವರೆಗೆ ಬರುತ್ತದೆ ಎಂದು ಕಾದ. ಒಳಗೆ ರೊಟ್ಟಿಯ ಸದ್ದು ಪಟಪಟ ಬರುತ್ತಲೇ ಇತ್ತು. ಒಂದು ಉಸಿರು ಹೋಯಿತು, ಇನ್ನೊಂದು ಬಂತು.

"ಅಪ್ಪಂದು" ಎಂದ ಚನ್ನವೀರ. ಆಮೇಲೆ, ತನಗೇ ಹೇಳಿಕೊಂಡ ಹಾಗೆ, "ನನ್ನ ಹಿಡಕಂಡು ಕೂತಾನ್ರಿ. ನೋಡಾಕತ್ತಾನ."

ಅಷ್ಟು ಹೇಳಿದ್ದೇ ಅಳು ಬಂತು. ಸಮಾಧಿಯ ದಿನ ಬಾರದ ಅಳು, ಹೊಟ್ಟೆಯ ಬುಡದಿಂದ ಬಂತು. ಅಳುವಿನ ಕುಲುಕಿಗೆ ಮಣ್ಣು ಸುರಿಯುತ್ತಿತ್ತು, ಅವನು ಗಮನಿಸಲಿಲ್ಲ. ಡಾಕ್ಟರು ಸಮಾಧಾನ ಹೇಳಲಿಲ್ಲ. ಕಲ್ಲಿನ ಮೇಲೆ ಹಾಗೇ ಬಿದ್ದುಕೊಂಡು ಅವನ ಜೊತೆಗೆ ಮೂಗೊರೆಸಿಕೊಂಡರು.

ಆಟೋದವನು ಯಾರದೋ ಬಾವಿಯ ಹಗ್ಗ ತಂದ. ಸದ್ದು ಕೇಳಿ ಜಯದೇವಿ ಬಾಗಿಲಿಗೆ ಬಂದವಳು ಹಿಟ್ಟಿನ ಕೈಯಲ್ಲೇ ಬಾಯಿ ಮುಚ್ಚಿಕೊಂಡಳು. "ಶಿವನೇ! ನಮ್ಮ ಚನ್ನ ಅಲ್ಲೇನಿದು? ಅಯ್ಯ, ನಾ ಒಳಗ ಹಾಡು ಕೇಳ್ಕೋತ ರೊಟ್ಟಿ ಬಡೀತಿದ್ನೆಲ್ಲೋ ಯಪ್ಪಾ!" ಅಕ್ಕಪಕ್ಕದ ಗಂಡಸರು ಸೇರಿದರು. ಲಿಂಗವನ್ನು ಕರಡಿಗೆಯಲ್ಲಿಟ್ಟು, ಕರಡಿಗೆಯನ್ನು ಎದೆಯ ಮೇಲೆ ಬಿಟ್ಟುಕೊಂಡು, ಹುಡುಗ ಹಗ್ಗವನ್ನು ಎರಡೂ ಕೈಯಲ್ಲಿ ಹಿಡಿದ. ಆ ಗುಂಡಿ ದಾಟುವಾಗ ಅವನ ಕೈ ಎದೆಯನ್ನು ಬಿಟ್ಟದ್ದು ಅದೇ ಮೊದಲು. ಕೊನೆಯ ಒಂದು ಮೊಳಕ್ಕೆ ಅನಂತಲಕ್ಷ್ಮಿಯವರು ಕೈ ಚಾಚಿದರು. ಚಾಚಿದವರು ಏನೋ ನೆನಪಾಗಿ ತಟ್ಟನೆ ಹಿಂದಕ್ಕೆ ಎಳೆದುಕೊಂಡರು.

"ಕೈ ಮುಟ್ಟಬೋದ್ರಿ" ಎಂದ ಚನ್ನವೀರ.

ಮೇಲೆ ಬಂದು ಮಣ್ಣಿನ ಗುಡ್ಡೆಯ ಮೇಲೆಯೇ ಕೂತ. ಕಾಲು ಉಳುಕಿತ್ತು. ಡಾಕ್ಟರು ಅವನ ಪಕ್ಕದಲ್ಲಿ ಕೂತರು. ಅವರ ಕನ್ನಡಕದ ಒಂದು ಗಾಜಿಗೆ ಕೆಮ್ಮಣ್ಣು ಮೆತ್ತಿತ್ತು.

"ಅವ್ವಗ ಹೇಳಬೇಕ್ರಿ" ಎಂದ. "ಮಠಕ್ಕ ಹೋಗಿ ಅಯ್ಯಾರ್ಗೂ ಹೇಳಬೇಕು. ಅವ್ರು ಏನಂತಾರೋ. ಬೈತಾರೋ, ಬ್ಯಾರೆ ಲಿಂಗ ಕೊಡ್ತಾರೋ, ಇದನ್ನೇ ಇಟ್ಕೋ ಅಂತಾರೋ."

"ಭಯ ಆಗತ್ತಾ?"

"ಭಾಳ ಆಗ್ತೈತ್ರಿ."

"ಎಷ್ಟು?"

ಚನ್ನವೀರ ಯೋಚಿಸಿದ. "ಇನ್ನಾ ಲೆಕ್ಕ ಹಾಕಿಲ್ರಿ."

"ಹಾಕಬೇಡ. ನಾಳೆ ನಿಮ್ಮ ಚಿಕ್ಕಪ್ಪನ ಹತ್ರ ನಾನೇ ಮಾತಾಡ್ತೀನಿ. ಆಸ್ಪತ್ರೆ ಬೇಡ, ಹರಿಹರದ ರೈಲು ಹತ್ತಿಸಿ ಅಂತ. ಬೇಕಂದ್ರೆ ನಾನೂ ಬರ್ತೀನಿ. ನಿಮ್ಮವ್ವ ಸಿಪ್ಪೆ ಸಮೇತ ಅವರೆಕಾಳು ಬಡಿಸಿದ್ರೆ ಮಾತ್ರ ಕಷ್ಟ."

ಜಯದೇವಿ ಬಿಂದಿಗೆಯಲ್ಲಿ ನೀರು ತಂದಿದ್ದಳು. ಕಾಲಿನ ಮಣ್ಣು ತೊಳೆಯಲೆಂದು ಬಗ್ಗಿದವಳನ್ನು ಅವನು ತಡೆದ. "ಚಿಗವ್ವಾ, ಮೊದಲು ಕೈಗೆ ಹಾಕು" ಎಂದ. ಕೈ ತೊಳೆದುಕೊಂಡ. ಆಮೇಲೆ, ಬೀದಿಯ ದೀಪದಡಿಯಲ್ಲಿ, ಅಗೆದು ಹಾಕಿದ ಮಣ್ಣಿನ ಮೇಲೆ, ನೆರೆಯವರೆಲ್ಲ ನೋಡುತ್ತಿರುವಾಗ, ಕರಡಿಗೆಯನ್ನು ತೆರೆದು ಅಪ್ಪನ ಲಿಂಗವನ್ನು ಎಡಗೈಯ ಅಂಗೈಗೆ ಇಳಿಸಿಕೊಂಡ. ಎದೆಯ ಮಟ್ಟಕ್ಕೆ ಎತ್ತಿ ಹಿಡಿದು ಕಣ್ಣನ್ನು ಅರ್ಧ ತೆರೆದ.

"ಹಾಕು" ಎಂದ.

ಜಯದೇವಿ ಸೆರಗು ಸರಿಮಾಡಿಕೊಂಡು ನೀರು ಬಿಟ್ಟಳು. ಧಾರೆ ಲಿಂಗದ ನೆತ್ತಿಯ ಮೇಲೆ ಬಿದ್ದು, ಬೆರಳ ಸಂದಿಯಿಂದ ಇಳಿದು, ಕೆಳಗಿನ ಕುಣಿಯ ಕಡೆಗೆ ಹರಿಯಿತು.